ದಿನಕ್ಕೊಂದು ಮಾತ್ರೆ, ವಾರಕ್ಕೊಮ್ಮೆ ಗಂಡ

ಮಾತ್ರೆ ನುಂಗುವುದಕ್ಕೆ ಒಂದು ಗುಟುಕು ನೀರು ಸಾಕು. ನುಂಗಿದ ಮೇಲೆ ನಡೆಯುವ ಸಂಗತಿಗಳಿಗೆ ಮಾತ್ರ ಕೊನೆಯೇ ಇಲ್ಲ. ಬೇರೆಯವರ ಮನೆಯಲ್ಲಿ ಮಾತ್ರೆ ಹೊಟ್ಟೆಗೆ ಹೋಗಿ ಸುಮ್ಮನಿರುತ್ತದೆ. ನನ್ನ ಮನೆಯಲ್ಲಿ ಅದು ಊರೆಲ್ಲ ಸುತ್ತಿ ಬರುತ್ತದೆ.

ಮೊದಲು ನನ್ನ ಪರಿಚಯ ಹೇಳಿಬಿಡುತ್ತೇನೆ. ಶಾಲೆಯಲ್ಲಿ ಓದಿದ್ದು ಏಳನೇ ಕ್ಲಾಸು. ಮದುವೆಯಾಗಿ ಉಡುಪಿ ಕಡೆಯಿಂದ ನೇರ ಕತಾರ್ ದೇಶದ ದುಖಾನ್ ಎಂಬ ಊರಿಗೆ ಬಂದವಳು. ಗಂಡ ಅಲ್ಲಿ ಎಣ್ಣೆ ಕಂಪನಿಯ ಸೇಫ್ಟಿ ವಿಭಾಗದಲ್ಲಿದ್ದಾರೆ. ಕಂಪನಿ ಕೊಟ್ಟ ಮನೆಯ ಅಡುಗೆಕೋಣೆಯ ಮೂಲೆಯಲ್ಲಿ ಒಂದು ಹೊಲಿಗೆ ಮೆಷಿನ್ ಇಟ್ಟುಕೊಂಡು ಅಕ್ಕಪಕ್ಕದ ಹೆಂಗಸರ ರವಿಕೆ ಹೊಲಿಯುತ್ತಿದ್ದೆ. ಈಗ ರಾಜಧಾನಿ ದೋಹಾದ ಬಿನ್ ಒಮ್ರಾನ್ ಬಡಾವಣೆಯಲ್ಲಿ ನನ್ನದೇ ಲೇಡೀಸ್ ಟೈಲರಿಂಗ್ ಅಂಗಡಿ ಇದೆ, ಐದು ಮೆಷಿನ್ ಇವೆ, ಅದೇ ಕಟ್ಟಡದ ಮೊದಲ ಮಹಡಿಯಲ್ಲಿ ನನ್ನ ವಾಸ. ನಡುವೆ ಏನೇನಾಯಿತು ಎಂದು ಕೇಳಬೇಡಿ. ಯಾರೂ ಕೈ ಹಿಡಿದು ಮೇಲೆತ್ತಲಿಲ್ಲ ಎಂದಷ್ಟೇ ಹೇಳುತ್ತೇನೆ. ಗಂಡ ದುಖಾನಿನಲ್ಲೇ ಇದ್ದು, ಗುರುವಾರ ಸಂಜೆ ಬಂದು ಶನಿವಾರ ನಸುಕಿನಲ್ಲೇ ಹೋಗುತ್ತಾರೆ.

ಒಂದು ದಿನ ಅಂಗಡಿಯಲ್ಲಿ ನಿಂತಲ್ಲೇ ಎದೆ ಓಡಲು ಶುರುವಾಯಿತು. ನಾನು ನಿಂತಿದ್ದೆ, ಅದು ಮಾತ್ರ ಓಡುತ್ತಿತ್ತು. ಡಾಕ್ಟರು ಪರೀಕ್ಷೆ ಮಾಡಿ, ಬಿಪಿ ಹೆಚ್ಚಾಗಿದೆ, ಹೃದಯದ ಬಡಿತವೂ ಜಾಸ್ತಿ ಇದೆ ಎಂದು ಬೀಟಾ ಬ್ಲಾಕರ್ ಅನ್ನುವ ಮಾತ್ರೆ ಬರೆದರು. ಓಡುವ ಹೃದಯಕ್ಕೆ ಲಗಾಮು ಹಾಕುವ ಮಾತ್ರೆಯಂತೆ.

ಸುದ್ದಿ ಕೇಳಿದ ಗಂಡ ಅದೇ ದಿನ ತೀರ್ಮಾನ ಕೊಟ್ಟರು. "ಸಾಕು ಮಾರಾಯ್ತಿ. ಅಂಗಡಿ ಯಾರಿಗಾದರೂ ವಹಿಸಿಕೊಟ್ಟು ದುಖಾನಿಗೆ ಬಂದು ಆರಾಮ ಕೂತ್ಕೋ."

ಆರಾಮವಾಗಿ ಕೂತರೆ ನಾನು ಸಾಯುತ್ತೇನೆ ಎಂದೆ. ಕೂರದಿದ್ದರೂ ಸಾಯುತ್ತೀ ಎಂದರು. ಕೊನೆಗೆ ಒಪ್ಪಂದವಾಯಿತು. ಮೂರು ತಿಂಗಳು ಮಾತ್ರೆ ತೆಗೆದುಕೊಳ್ಳುವುದು. ಆಮೇಲೆ ಡಾಕ್ಟರ ಹತ್ತಿರ ಇಬ್ಬರೂ ಹೋಗುವುದು. ಬಿಪಿ ಹತೋಟಿಗೆ ಬಂದಿದ್ದರೆ ಅಂಗಡಿ ನನ್ನದು. ಬರದಿದ್ದರೆ ಅಂಗಡಿಯ ಬೀಗದ ಕೈ ಅವರದ್ದು. ಆ ಮೂರು ತಿಂಗಳ ಕಥೆ ಇದು.

೧. ಓದಿ ಮುಗಿಸದೆ ನುಂಗುವುದು ಹೇಗೆ

ಅಕ್ಷರ ಇರುವ ಯಾವುದನ್ನೂ ನಾನು ಓದದೆ ಬಿಟ್ಟವಳಲ್ಲ. ಇಂಗ್ಲಿಷ್ ಕಲಿತದ್ದು ಹೊಲಿಗೆ ಮೆಷಿನ್ನಿನ ಜೊತೆ ಬಂದ ಪುಸ್ತಕದಿಂದ, ಆಮೇಲೆ ಹಳೇ ಪೇಪರುಗಳಿಂದ, ಆಮೇಲೆ ಒಂದು ಡಿಕ್ಷನರಿಯಿಂದ. ಹಾಗಾಗಿ ಮಾತ್ರೆಯ ಪೆಟ್ಟಿಗೆ ತೆರೆದ ಕೂಡಲೇ ಒಳಗೆ ಮಡಚಿಟ್ಟಿದ್ದ ಚೀಟಿಯನ್ನು ಹೊರಗೆ ತೆಗೆದೆ. ಬಿಡಿಸುತ್ತಾ ಹೋದರೆ ಅದು ದಿಂಬಿನ ಕವರಿನಷ್ಟು ದೊಡ್ಡದಾಯಿತು. ಒಂದು ಬದಿ ಅರಬ್ಬಿ, ಇನ್ನೊಂದು ಬದಿ ಇಂಗ್ಲಿಷ್. ಅಕ್ಷರಗಳು ಸಾಸಿವೆಗಿಂತ ಸಣ್ಣವು.

ಸ್ಕೇಲು ಇಟ್ಟು ಸಾಲು ಸಾಲಾಗಿ ಓದಿದೆ. ತಲೆ ಸುತ್ತಬಹುದು. ಆಯಾಸವಾಗಬಹುದು. ಕೈಕಾಲು ತಣ್ಣಗಾಗಬಹುದು. ಕೆಟ್ಟ ಕನಸು ಬೀಳಬಹುದು. ಎರಡನೇ ದಿನ ಓದುವಾಗ ತಲೆ ನಿಜವಾಗಿಯೂ ಸುತ್ತಿತು. ರಾತ್ರಿ ಕನಸಿನಲ್ಲಿ ಹೊಲಿಗೆ ಮೆಷಿನ್ ನನ್ನನ್ನೇ ಅಟ್ಟಿಸಿಕೊಂಡು ಬಂತು. ಮೂರನೇ ದಿನ ಎಲ್ಲವನ್ನೂ ಒಂದು ಹಾಳೆಯಲ್ಲಿ ಬರೆದುಕೊಂಡು ಡಾಕ್ಟರ ಹತ್ತಿರ ಹೋದೆ. ಅವರು ಮೈಸೂರಿನವರು, ನನ್ನ ಮಗಳಾಗಬಹುದಾದ ವಯಸ್ಸು.

ಡಾಕ್ಟರು ಹಾಳೆಯನ್ನು ಪೂರ್ತಿ ಓದಿದರು. "ಇಷ್ಟೂ ಮೂರೇ ದಿನದಲ್ಲಿ ಶುರುವಾಯ್ತಾಮ್ಮ?"

"ಹೌದು. ಒಂದೊಂದಾಗಿ."

"ಮಾತ್ರೆ ದಿನಾ ಎಷ್ಟು ಗಂಟೆಗೆ ತಗೋತಿದ್ದೀರಿ?"

"ಇನ್ನೂ ತಗೊಳ್ಳಲಿಲ್ಲ ಡಾಕ್ಟ್ರೇ. ಒಂದು ಪ್ಯಾರಾ ಬಾಕಿ ಉಂಟು."

೨. ತಣ್ಣನೆಯ ಅಳತೆ

ಬೈಸಿಕೊಂಡ ಮೇಲೆ ಮಾತ್ರೆ ಶುರು ಮಾಡಿದೆ. ದಿನಾ ಬೆಳಿಗ್ಗೆ ತಿಂಡಿಯ ಜೊತೆ, ಒಂದೇ ಹೊತ್ತಿಗೆ. ಮರೆತರೆ ಮರುದಿನ ಎರಡು ನುಂಗಬಾರದು, ಕೂತಲ್ಲಿಂದ ಧಡಕ್ಕನೆ ಏಳಬಾರದು, ಏನೇ ಆದರೂ ನಾವಾಗಿಯೇ ನಿಲ್ಲಿಸಬಾರದು. ಡಾಕ್ಟರು ಹೇಳಿದ ಇಷ್ಟನ್ನು ಬರೆದು ಕನ್ನಡಿಗೆ ಅಂಟಿಸಿದೆ. ಹದಿನೈದು ದಿನದಲ್ಲಿ ಎದೆಯ ಓಟ ನಿಂತಿತು. ತಲೆಸುತ್ತೂ ಇಲ್ಲ, ಕೆಟ್ಟ ಕನಸೂ ಇಲ್ಲ. ಚೀಟಿಯಲ್ಲಿ ಬರೆದದ್ದರಲ್ಲಿ ಒಂದೇ ಒಂದು ನಿಜವಾಯಿತು: ಕೈ ತಣ್ಣಗಾಗುವುದು.

ಹೊರಗೆ ಕಾರಿನ ಬಾಗಿಲು ಮುಟ್ಟಿದರೆ ಕೈ ಸುಡುವಂಥ ಬಿಸಿಲು. ಒಳಗೆ ಏಸಿಯ ತಂಪು, ಅದಕ್ಕಿಂತ ತಣ್ಣಗೆ ನನ್ನ ಕೈ. ಇದರಿಂದ ಯಾರಿಗೂ ತೊಂದರೆ ಇಲ್ಲ ಎಂದುಕೊಂಡಿದ್ದೆ. ಆದರೆ ಆ ತಿಂಗಳು ಹೊಲಿದ ರವಿಕೆಗಳು ಒಂದೊಂದಾಗಿ ವಾಪಸು ಬರತೊಡಗಿದವು. ಎಲ್ಲದರದ್ದೂ ಒಂದೇ ದೂರು, ಬಿಗಿ. ಇಷ್ಟು ವರ್ಷ ನನ್ನ ಅಳತೆ ಒಂದು ನೂಲಿನಷ್ಟೂ ತಪ್ಪಿದ್ದಿಲ್ಲ. ಕಟಿಂಗ್ ಮಾಸ್ಟರನ್ನು ಕರೆದು ಬೈದೆ. ಅವರು ಪುತ್ತೂರಿನವರು, ನನಗಿಂತ ಹಿರಿಯರು. ಆದರೂ ನನ್ನನ್ನು ಅಕ್ಕ ಎನ್ನುತ್ತಾರೆ, ಯಾಕೆಂದರೆ ಸಂಬಳ ಕೊಡುವವಳು ನಾನು.

"ನೀವು ಬರೆದುಕೊಟ್ಟ ಅಳತೆಗೇ ಕತ್ತರಿಸಿದ್ದು ಅಕ್ಕ," ಎಂದರು. ಅಳತೆಯ ಪುಸ್ತಕ ತೆರೆದು ನೋಡಿದರೆ ಅವರು ಹೇಳಿದ್ದು ಸರಿಯಾಗಿಯೇ ಇತ್ತು.

ಮರುದಿನ ಒಬ್ಬ ಗಿರಾಕಿಯ ಸೊಂಟಕ್ಕೆ ಟೇಪು ಸುತ್ತುವಾಗ ಕಾರಣ ತಿಳಿಯಿತು. ನನ್ನ ಬೆರಳು ತಾಗಿದ್ದೇ ಆಕೆ "ಹಾ" ಎಂದು ಹೊಟ್ಟೆಯನ್ನು ಬೆನ್ನಿಗಂಟುವ ಹಾಗೆ ಒಳಗೆಳೆದುಕೊಂಡರು. ನಾನು ಆ ಕ್ಷಣದ ಅಳತೆಯನ್ನೇ ಬರೆದುಕೊಳ್ಳುತ್ತಿದ್ದೆ. ಒಂದು ತಿಂಗಳಿಡೀ ಬಿನ್ ಒಮ್ರಾನಿನ ಹೆಂಗಸರಿಗೆ ನಾನು ಹೊಲಿದದ್ದು ಉಸಿರು ಬಿಗಿಹಿಡಿದ ರವಿಕೆಗಳು.

ಅಂದಿನಿಂದ ಅಳತೆಗೆ ಮೊದಲು ಬಿಸಿ ಚಹಾದ ಗ್ಲಾಸನ್ನು ಎರಡೂ ಕೈಯಲ್ಲಿ ಹಿಡಿದು ಬೆಚ್ಚಗೆ ಮಾಡಿಕೊಳ್ಳುತ್ತೇನೆ. ಬಿಗಿಯಾದವುಗಳನ್ನೆಲ್ಲ ಬಿಚ್ಚಿ ಹೊಲಿದುಕೊಟ್ಟೆ. ಒಬ್ಬರು ಮಾತ್ರ ಬಿಚ್ಚಿಸಿಕೊಳ್ಳಲಿಲ್ಲ. ಹೊಸ ಬಟ್ಟೆ ಹಿಡಿದುಕೊಂಡು ಬಂದು ಫೋನಿನಲ್ಲಿ ಆ ಬಿಗಿ ರವಿಕೆ ತೊಟ್ಟು ಹೋದ ಮದುವೆಯ ಫೋಟೋ ತೋರಿಸಿದರು. "ನೋಡಿ, ಎಷ್ಟು ತೆಳ್ಳಗೆ ಕಾಣ್ತೇನೆ. ಇದಕ್ಕೂ ಅದೇ ಅಳತೆ ಆಗ್ಬೇಕು. ನೀವು ಆ ಚಹಾ ಗ್ಲಾಸು ಕೆಳಗಿಡಿ."

೩. ಮಲಗಿರುವವಳ ಜಗಳ

ಗಂಡ ನನಗೊಂದು ಕೈಗಡಿಯಾರ ತಂದುಕೊಟ್ಟರು. ಪ್ರೀತಿಯಿಂದ ಎಂದುಕೊಂಡೆ. ಅದು ನನ್ನ ನಾಡಿ ಬಡಿತವನ್ನು ಎಣಿಸಿ ದುಖಾನಿನಲ್ಲಿರುವ ಅವರ ಫೋನಿಗೆ ಕಳಿಸುವ ಗಡಿಯಾರ. ಎಣ್ಣೆ ಬಾವಿಯ ಪೈಪುಗಳ ಒತ್ತಡವನ್ನು ದೂರದಿಂದ ನೋಡುವ ಹಾಗೆ ಇನ್ನು ಹೆಂಡತಿಯನ್ನೂ ನೋಡಬಹುದು.

ಡಾಕ್ಟರು ಹೇಳಿದ್ದರು, ಈ ಮಾತ್ರೆ ತೆಗೆದುಕೊಳ್ಳುವಾಗ ಬಡಿತ ಸ್ವಲ್ಪ ನಿಧಾನವಾಗುವುದು ಸಹಜ. ಐವತ್ತಕ್ಕಿಂತ ಕೆಳಗೆ ಹೋದರೆ, ತಲೆ ಸುತ್ತಿದರೆ ತಿಳಿಸಿ ಎಂದು. ನನ್ನದು ಐವತ್ತೆಂಟು, ಅರವತ್ತರಲ್ಲಿ ನಿಂತಿರುತ್ತಿತ್ತು.

ಒಂದು ದಿನ ಇಂಡಸ್ಟ್ರಿಯಲ್ ಏರಿಯಾದ ಗೋಡೌನಿನಿಂದ ರವಿಕೆಯ ಒಳಗೆ ಕೊಡುವ ಅಸ್ತರಿನ ಬಟ್ಟೆ ಬಂತು. ನಾನು ಹೇಳಿದ್ದು ಕೆನೆ ಬಣ್ಣ. ಬಂದದ್ದು ಕೊತ್ತಂಬರಿ ಸೊಪ್ಪಿನ ಬಣ್ಣ. ತಂದವನು ಬಂಟ್ವಾಳ ಕಡೆಯ ಡ್ರೈವರು. ಅವನ ತಪ್ಪಲ್ಲ, ಆದರೆ ಎದುರಿಗೆ ಸಿಕ್ಕಿದವನು ಅವನೇ. ಅವನ ಗೋಡೌನಿಗೆ, ಗೋಡೌನಿನ ಮ್ಯಾನೇಜರಿಗೆ, ಮ್ಯಾನೇಜರಿನ ಕನ್ನಡಕಕ್ಕೆ ಸೇರಿಸಿ ಬೈಯುತ್ತಿದ್ದೆ. ಪಕ್ಕದ ಅಂಗಡಿಯವರು ಬಾಗಿಲಿಗೆ ಬಂದು ನಿಂತಿದ್ದರು. ಆಗ ಗಂಡನ ಫೋನು. ಕೈಯಲ್ಲಿ ಬಟ್ಟೆ ಇದ್ದುದರಿಂದ ಸ್ಪೀಕರಿಗೆ ಹಾಕಿದೆ.

"ಮಲಗಿದ್ದೀಯಾ?" ಮೆಲ್ಲಗೆ ಕೇಳಿದರು. "ಐವತ್ತೆಂಟು ತೋರಿಸ್ತಾ ಉಂಟು. ಒಳ್ಳೇದು. ಹಾಗೇ ವಿಶ್ರಾಂತಿ ತಗೋ. ಏಳ್ಬೇಡ."

ಮಾತ್ರೆ ಹೃದಯಕ್ಕೆ ಲಗಾಮು ಹಾಕಿತ್ತು. ಬಾಯಿಗೆ ಡಾಕ್ಟರು ಏನೂ ಬರೆದುಕೊಟ್ಟಿರಲಿಲ್ಲ. "ಹೂಂ, ಮಲಗಿದ್ದೇನೆ," ಎಂದು ಫೋನಿಟ್ಟು ಎಲ್ಲಿಗೆ ಬಿಟ್ಟಿದ್ದೆನೋ ಅಲ್ಲಿಂದ ಬೈಗುಳ ಮುಂದುವರಿಸಿದೆ.

ಡ್ರೈವರು ಬಟ್ಟೆಯ ಥಾನುಗಳನ್ನು ವಾಪಸು ಗಾಡಿಗೆ ತುಂಬಿಸಿದ. ಹೋಗುವಾಗ ಮಾಸ್ಟರನ್ನು ಕರೆದು ಕೇಳಿದನಂತೆ, "ಮಲಗಿದಾಗ ಹೀಗಾದರೆ, ಇವರು ಏಳುವುದು ಎಷ್ಟು ಗಂಟೆಗೆ ಮಾರಾಯ್ರೆ? ನಾನು ಅದಕ್ಕಿಂತ ಮೊದಲೇ ಬಂದು ಹೋಗ್ತೇನೆ."

೪. ಊರಿನ ಮಾತ್ರೆ

ಗಲ್ಫಿನಲ್ಲಿರುವ ನಮ್ಮ ಕರಾವಳಿಯವರಿಗೆ ಒಂದು ನಂಬಿಕೆ ಇದೆ. ಜ್ವರ ಇಲ್ಲಿ ಬರಬಹುದು, ಔಷಧಿ ಮಾತ್ರ ಊರಿನಿಂದಲೇ ಬರಬೇಕು. ಮಂಗಳೂರಿನಿಂದ ಯಾರು ವಿಮಾನ ಹತ್ತುತ್ತಾರೆ ಎಂದು ತಿಳಿದ ಕೂಡಲೇ ಹತ್ತು ಮನೆಯವರು ಚೀಟಿ ಕಳಿಸುತ್ತಾರೆ. ಉಪ್ಪಿನಕಾಯಿ, ಹಪ್ಪಳ, ಗಂಟುನೋವಿನ ಎಣ್ಣೆ, ಬಿಪಿ ಮಾತ್ರೆ, ಎಲ್ಲ ಒಂದೇ ಗಂಟಿನಲ್ಲಿ.

ಎರಡನೇ ತಿಂಗಳಿನ ಮಾತ್ರೆ ಮುಗಿಯುವಾಗ ಮೇಲಿನ ಮಹಡಿಯ ಅಕೌಂಟೆಂಟು ಊರಿಗೆ ಹೋಗಿದ್ದರು. ನಾನೂ ಡಾಕ್ಟರ ಚೀಟಿಯ ಫೋಟೋ ಕಳಿಸಿ, "ಬರುವಾಗ ತನ್ನಿ," ಎಂದೆ. ನಮ್ಮ ಕಟ್ಟಡದ ಕೆಳಗೇ ಮಲಯಾಳಿಯೊಬ್ಬರ ಫಾರ್ಮಸಿ ಇದೆ, ನನ್ನ ಅಂಗಡಿಯಿಂದ ಹನ್ನೊಂದು ಹೆಜ್ಜೆ. ಆದರೆ ಊರಿನ ಮಾತ್ರೆ ಊರಿನ ಮೈಗೆ ಒಗ್ಗುತ್ತದೆ ಎಂದು ನನ್ನ ವಾದ. ಅದನ್ನು ಬರುವ ಗಿರಾಕಿಗಳಿಗೆಲ್ಲ ಬೋಧಿಸಿಯೂ ಇದ್ದೆ.

ಅಕೌಂಟೆಂಟರ ವಿಮಾನ ರದ್ದಾಯಿತು. ಮರುದಿನದ್ದು ಸಿಗಲಿಲ್ಲ. ನನ್ನ ಮಾತ್ರೆ ಮುಗಿದು ಒಂದು ದಿನ, ಎರಡು ದಿನ, ಮೂರು ದಿನ. ನಾಲ್ಕನೇ ದಿನ ಬೆಳಿಗ್ಗೆ ಎದೆಯೊಳಗೆ ಐದೂ ಮೆಷಿನ್ ಒಟ್ಟಿಗೆ ಓಡಲು ಶುರುವಾಯಿತು. ಕೂತರೂ ನಿಲ್ಲಲಿಲ್ಲ, ನೀರು ಕುಡಿದರೂ ನಿಲ್ಲಲಿಲ್ಲ. ದುಖಾನಿನಿಂದ ಫೋನು ಬಂತು, "ಯಾಕೆ ಓಡ್ತಾ ಇದ್ದೀ?" ಗಿರಾಕಿ ಜಾಸ್ತಿ ಎಂದು ಸುಳ್ಳು ಹೇಳಿದೆ. ಅಂಗಡಿ ಕೈತಪ್ಪುವ ಹೆದರಿಕೆಗೆ ಹೇಳಿದ ಸುಳ್ಳು. ಆದರೆ ಡಾಕ್ಟರ ಹತ್ತಿರ ಹೋಗುವಷ್ಟು ಬುದ್ಧಿ ಉಳಿದಿತ್ತು.

ಇಸಿಜಿ ಎಲ್ಲ ಆದ ಮೇಲೆ ಡಾಕ್ಟರು ಕುರ್ಚಿ ಹತ್ತಿರ ಎಳೆದುಕೊಂಡರು. ಅವರು ಜೋರು ಮಾಡಲಿಲ್ಲ, ಅದೇ ಹೆಚ್ಚು ಹೆದರಿಕೆಯಾಯಿತು. "ಇದನ್ನ ಇದ್ದಕ್ಕಿದ್ದ ಹಾಗೆ ನಿಲ್ಲಿಸಿದ್ರೆ ಹೃದಯ ಮೊದಲಿಗಿಂತ ಜೋರಾಗಿ ತಿರುಗಿಬೀಳತ್ತೆ. ಹಾರ್ಟ್ ಅಟ್ಯಾಕ್ ಆದವರೂ ಇದ್ದಾರೆ. ನಿಲ್ಲಿಸಬೇಡಿ ಅಂತ ಹೇಳಿದ್ದೆ ಅಲ್ವಾ?"

"ನಾನು ನಿಲ್ಲಿಸ್ಲಿಲ್ಲ ಡಾಕ್ಟ್ರೇ. ವಿಮಾನ ನಿಂತದ್ದು."

ಅವರು ನಗಲಿಲ್ಲ. ಹೊಸ ಚೀಟಿ ಬರೆದು, ಇವತ್ತೇ ಇಲ್ಲೇ ತಗೊಂಡು ಮೊದಲಿನ ಹಾಗೆ ಒಂದೇ ಒಂದು ನುಂಗಿ, ಬಿಟ್ಟದ್ದಕ್ಕೆಲ್ಲ ಸೇರಿಸಿ ನಾಲ್ಕು ನುಂಗಬೇಡಿ, ಇನ್ಮೇಲೆ ಮುಗಿಯುವುದಕ್ಕೆ ಒಂದು ವಾರ ಮೊದಲೇ ತಂದಿಟ್ಟುಕೊಳ್ಳಿ ಎಂದರು. ನಾನು ಚೀಟಿಯನ್ನು ಕೆಳಗಿನ ಫಾರ್ಮಸಿಯಲ್ಲಿ ಕೊಟ್ಟು, ಅಲ್ಲಿ ಜನ ಇದ್ದುದರಿಂದ, ತೆಗೆದಿಡಿ ಬರುತ್ತೇನೆ ಎಂದು ಮೇಲೆ ಹೋದೆ.

ಹತ್ತು ನಿಮಿಷದಲ್ಲಿ ಬಾಗಿಲು ಬಡಿದವರು ಅಕೌಂಟೆಂಟು. ಆಗಷ್ಟೇ ಬಂದಿಳಿದಿದ್ದರಂತೆ. ಕೈಯಲ್ಲಿ ಬಾಳೆಕಾಯಿ ಚಿಪ್ಸಿನ ಪೊಟ್ಟಣ, ಅದರೊಳಗೆ ನನ್ನ ಮಾತ್ರೆ. "ತಗೊಳ್ಳಿ ಅಕ್ಕ, ಊರಿಂದು."

ಅವರೆದುರೇ ಒಂದನ್ನು ನುಂಗಿದೆ. "ನೋಡಿ, ಒಳಗೆ ಹೋದ ಕೂಡಲೇ ಎದೆಗೆ ಗೊತ್ತಾಯಿತು, ಇದು ನಮ್ಮ ಕಡೆಯದ್ದು ಅಂತ," ಎಂದೆ. ಅಭ್ಯಾಸಬಲದಿಂದ ಪೆಟ್ಟಿಗೆ ಓದಿದೆ. ತುಂಬ ಅರಬ್ಬಿ.

"ಇದೆಂತ?"

ಅವರು ಚಿಪ್ಸಿನ ಪೊಟ್ಟಣವನ್ನು ನೋಡಿದರು. "ಮಂಗಳೂರಿನಿಂದ ಗಲ್ಫಿಗೆ ಬರುವವರು ಜಾಸ್ತಿ ಅಲ್ವಾ ಅಕ್ಕ. ಅವರಿಗೇ ಅಂತ ಬೇರೆ ಪೆಟ್ಟಿಗೆ ಮಾಡಿದ್ದಾರೆ."

ಅಷ್ಟರಲ್ಲಿ ಫೋನು. ಕೆಳಗಿನ ಫಾರ್ಮಸಿಯವರು. "ಮೇಡಂ, ಮಾತ್ರೆ ಸಿಕ್ತಾ? ಮೇಲಿನವರು ಬಂದು, ಊರಲ್ಲಿ ನಿಮ್ಮ ಮಾತ್ರೆ ತರಲು ಮರೆತುಹೋಯ್ತು, ಏನು ಮಾಡುದು ಅಂತ ಬೇಜಾರು ಮಾಡ್ತಿದ್ರು. ನಿಮ್ಮದು ಪ್ಯಾಕ್ ಆಗಿ ರೆಡಿ ಇತ್ತು. ಅವರ ಕೈಯಲ್ಲೇ ಕಳಿಸಿದೆ."

ಅಕೌಂಟೆಂಟರ ಮುಖ ಇಳಿದುಹೋಯಿತು. ನನ್ನದೂ. ಎದೆಗೆ ಗೊತ್ತಾಯಿತು ಎಂದವಳು ನಾನೇ ತಾನೆ? "ಸಿಕ್ಕಿತು," ಎಂದೆ ಫೋನಿಗೆ. "ಊರಿನಿಂದ ಇಷ್ಟು ಬೇಗ ಬಂದದ್ದು ಇದೇ ಮೊದಲು."

೫. ಯಾವ ಆಸ್ಪತ್ರೆಯ ಡಾಕ್ಟರು?

ಇದನ್ನು ಬರೆಯಲು ಈಗಲೂ ನಾಚಿಕೆ. ಆದರೂ ಬರೆಯುತ್ತೇನೆ, ಇನ್ನೊಬ್ಬರು ಹಾಗೆ ಮಾಡದಿರಲಿ ಎಂದು.

ಮೂರನೇ ತಿಂಗಳಿನಲ್ಲಿ ಒಂದು ಮದುಮಗಳ ಸೀರೆಯ ಜೊತೆ ರವಿಕೆಯ ಕಣ ಬಂತು. ಅಪ್ಪಟ ರೇಷ್ಮೆ, ಕತ್ತರಿ ತಪ್ಪಿದರೆ ಬೇರೆ ಸಿಗುವುದಿಲ್ಲ. ಮಾಸ್ಟರು ಕತ್ತರಿ ಹಿಡಿದರೆ ಕೈ ನಡುಗುತ್ತಿದೆ. "ವಯಸ್ಸಾಯ್ತು ಅಕ್ಕ. ಬೆಲೆಬಾಳುವ ಬಟ್ಟೆ ಅಂದ ಕೂಡಲೇ ಹೀಗಾಗ್ತದೆ," ಎಂದರು.

ನಾನೋ, ದಿಂಬಿನ ಕವರಿನಷ್ಟು ದೊಡ್ಡ ಚೀಟಿ ಓದಿ ಮುಗಿಸಿದವಳು. ಅಷ್ಟಕ್ಕೇ ನಿಲ್ಲದೆ ಬೇರೆ ಕಡೆಯೂ ಓದಿದ್ದೆ: ವೇದಿಕೆ ಹತ್ತುವವರು ಕೈ ನಡುಗದಿರಲಿ ಎಂದು ಇಂಥ ಮಾತ್ರೆ ತೆಗೆದುಕೊಳ್ಳುವುದುಂಟಂತೆ. "ಒಂದು ನುಂಗಿ, ಸರಿಯಾಗ್ತದೆ," ಎಂದು ನನ್ನ ಪೆಟ್ಟಿಗೆಯಿಂದ ಕೊಟ್ಟೆ. ಮಾಸ್ಟರಿಗೆ ನನ್ನ ಮೇಲೆ ಭಕ್ತಿ. ಕೇಳದೆ ನುಂಗಿದರು.

ಉಬ್ಬಸ ಇರುವವರಿಗೆ ಇದು ಆಗದು ಎಂದು ಅದೇ ಚೀಟಿಯಲ್ಲಿತ್ತು. ಓದಿದ್ದೆ. ನನಗೆ ಉಬ್ಬಸ ಇಲ್ಲವಲ್ಲ ಎಂದು ಆ ಸಾಲನ್ನು ದಾಟಿ ಹೋಗಿದ್ದೆ. ಮಾಸ್ಟರ ಅಂಗಿಯ ಜೇಬಿನಲ್ಲಿ ಉಸಿರಿಗೆ ಎಳೆದುಕೊಳ್ಳುವ ಪಂಪು ಇರುವುದನ್ನು ವರ್ಷಗಳಿಂದ ದಿನಾ ನೋಡುತ್ತಿದ್ದೆ.

ಒಂದೂವರೆ ಗಂಟೆಯಲ್ಲಿ ಅವರ ಎದೆಯಿಂದ ಸಿಳ್ಳೆಯ ಸದ್ದು ಬರತೊಡಗಿತು. ಪಂಪು ಎಳೆದರೂ ಸರಿಹೋಗಲಿಲ್ಲ. ಆಂಬುಲೆನ್ಸಿಗೆ ಫೋನು ಮಾಡಿದೆ. ಅದು ಬರುವವರೆಗೆ ಅವರ ಬೆನ್ನು ನೀವುತ್ತಾ ಕೂತಿದ್ದಾಗ ಮಾಸ್ಟರ ಕೈ ನೆಟ್ಟಗಿತ್ತು. ನಡುಗುತ್ತಿದ್ದದ್ದು ನನ್ನದು. ಬಾಯಿಗೆ ಬಂದ ದೇವರನ್ನೆಲ್ಲ ಕರೆದೆ, ಅವರ ದೇವರನ್ನೂ ಸೇರಿಸಿ.

ಆಸ್ಪತ್ರೆಯಲ್ಲಿ ಮೂಗು ಬಾಯಿಗೆ ಮಾಸ್ಕ್ ಹಾಕಿ ಔಷಧಿಯ ಹೊಗೆ ಕೊಟ್ಟರು. ಸ್ವಲ್ಪ ಸ್ವಲ್ಪವಾಗಿ ಉಸಿರು ಹದಕ್ಕೆ ಬಂತು. ಎತ್ತರದ ಅರಬ್ಬಿ ಡಾಕ್ಟರೊಬ್ಬರು ನಾನು ತಂದಿದ್ದ ಪೆಟ್ಟಿಗೆ ನೋಡಿ ಇಂಗ್ಲಿಷಿನಲ್ಲಿ ಕೇಳಿದರು, "ಉಬ್ಬಸ ಇರುವವರಿಗೆ ಇದನ್ನು ಯಾರು ಕೊಟ್ಟರು?"

ಮಾಸ್ಕಿನೊಳಗಿದ್ದ ಮಾಸ್ಟರಿಗೆ ಮಾತಾಡಲಾಗಲಿಲ್ಲ. ಬೆರಳೆತ್ತಿ ನನ್ನನ್ನು ತೋರಿಸಿದರು.

ಕುತ್ತಿಗೆಗೆ ಟೇಪು, ಮೂಗಿನ ಮೇಲೆ ಕನ್ನಡಕ, ಮೈಮೇಲೆ ಅಂಗಡಿಯ ಬಿಳಿ ಕೋಟು. ಆ ಗಡಿಬಿಡಿಯಲ್ಲಿ ಹಾಗೇ ಬಂದಿದ್ದೆ. ಡಾಕ್ಟರ ಮುಖದ ಸಿಟ್ಟು ಸ್ವಲ್ಪ ಮರ್ಯಾದೆಯಾಗಿ ಬದಲಾಯಿತು. "ಡಾಕ್ಟರ್, ನೀವು ಯಾವ ಆಸ್ಪತ್ರೆಯವರು?"

"ಬಿನ್ ಒಮ್ರಾನ್," ಎಂದೆ. "ಲೇಡೀಸ್ ಟೈಲರಿಂಗ್."

೬. ಕೆಂಪು ಶಾಯಿ

ಮಾಸ್ಟರ ಸುದ್ದಿ, ಅದರ ಜೊತೆ ಮಾತ್ರೆ ಬಿಟ್ಟಿದ್ದ ಸುದ್ದಿಯೂ ದುಖಾನಿಗೆ ಮುಟ್ಟಿತು. ಗಂಡ ಬೈಯಲಿಲ್ಲ. "ನಮ್ಮ ಒಪ್ಪಂದ ನೆನಪುಂಟಲ್ಲ?" ಎಂದಷ್ಟೇ ಕೇಳಿದರು. ಮೂರು ತಿಂಗಳು ಮುಗಿದ ದಿನ ಅವರು ರಜೆ ಹಾಕಿ, ಇಸ್ತ್ರಿ ಮಾಡಿದ ಅಂಗಿ ತೊಟ್ಟು, ಅಷ್ಟು ದೂರದಿಂದ ಗಾಡಿ ಓಡಿಸಿಕೊಂಡು ಬಂದರು. ಕಂಕುಳಲ್ಲಿ ಒಂದು ಫೈಲು.

ಅವರದ್ದು ಸೇಫ್ಟಿ ವಿಭಾಗ ಎಂದೆನಲ್ಲ, ಬರೆದಿಡದ ಸಂಗತಿ ಅವರ ಪಾಲಿಗೆ ನಡೆದೇ ಇಲ್ಲ. ಮೂರು ತಿಂಗಳು ನಾನು ಮನೆಯ ಮೆಷಿನ್ನಿನಲ್ಲಿ ಬಿಪಿ ನೋಡಿ ಬೆಳಿಗ್ಗೆ ಸಂಜೆ ಫೋನಿನಲ್ಲಿ ಹೇಳಬೇಕಿತ್ತು, ಅವರು ಬರೆದುಕೊಳ್ಳುತ್ತಿದ್ದರು. ವಾರದ ರಜೆಗೆ ಬಂದಾಗ ಸ್ವತಃ ಅವರೇ ನೋಡಿ ಬರೆಯುತ್ತಿದ್ದರು. ಸರಿಯಾಗಿದ್ದರೆ ನೀಲಿ ಶಾಯಿ, ಹೆಚ್ಚಾಗಿದ್ದರೆ ಕೆಂಪು. ಕೆಂಪು ಅಂಕಿಗಳನ್ನು ಒತ್ತಿ ಒತ್ತಿ ಬರೆದದ್ದಕ್ಕೆ ಅವು ಹಾಳೆಯ ಹಿಂಬದಿಯಲ್ಲೂ ಮೂಡಿದ್ದವು. ಅದು ಹೆದರಿದ ಮನುಷ್ಯನ ಕೈಬರಹ ಎಂದು ನನಗೂ ಗೊತ್ತು. ಆದರೆ ಅಂಗಡಿ ಬಿಡಲು ಅದು ಸಾಲದು.

ನಾನೂ ಮಾತಿಗೆ ತಪ್ಪುವವಳಲ್ಲ. ಅಂಗಡಿಯ ಬೀಗದ ಕೈಯನ್ನು ಮಡಿಲಲ್ಲಿ ಹಿಡಿದುಕೊಂಡೇ ಡಾಕ್ಟರ ಎದುರು ಕೂತೆ.

ಗಂಡ ವಕೀಲರ ಹಾಗೆ ಫೈಲು ತೆರೆದು ಮೇಜಿನ ಮೇಲಿಟ್ಟರು. "ನೋಡಿ ಡಾಕ್ಟ್ರೇ. ಪ್ರತಿ ವಾರ ಕೆಂಪು ಬಂದಿದೆ. ಒಂದು ವಾರವೂ ತಪ್ಪಿಲ್ಲ. ಅಂಗಡಿಯ ಟೆನ್ಶನ್ ಇದು. ನೀವೇ ಒಂದು ಮಾತು ಹೇಳಿ, ಇವಳು ನನ್ನ ಮಾತು ಕೇಳುವುದಿಲ್ಲ."

ಡಾಕ್ಟರು ಹಾಳೆಗಳನ್ನು ತಿರುವಿದರು. "ಚೆನ್ನಾಗಿ ಬರೆದಿದ್ದೀರಿ ಸರ್."

"ಕಂಪನಿಯಲ್ಲೂ ಹೀಗೇ."

"ಮಾತ್ರೆ ಬಿಟ್ಟ ಆ ನಾಲ್ಕು ದಿನ ತೆಗೆದಿಟ್ಟರೆ, ಭಾನುವಾರದಿಂದ ಗುರುವಾರದವರೆಗೆ ಎಲ್ಲ ನೀಲಿ. ಶನಿವಾರವೂ ನೀಲಿ." ಅವರು ಪೆನ್ನಿನ ತುದಿಯಿಂದ ಕೆಂಪು ಅಂಕಿಗಳನ್ನು ಒಂದೊಂದಾಗಿ ಮುಟ್ಟುತ್ತಾ ಬಂದರು. "ಕೆಂಪು ಇರೋದು ಶುಕ್ರವಾರ ಮಾತ್ರ. ಶುಕ್ರವಾರ ಅಂಗಡಿಯಲ್ಲಿ ಗಿರಾಕಿ ಜಾಸ್ತಿನಾಮ್ಮ?"

"ಶುಕ್ರವಾರ ಅಂಗಡಿಗೆ ರಜೆ ಡಾಕ್ಟ್ರೇ."

ಗಂಡ ಫೈಲನ್ನು ತಮ್ಮ ಕಡೆ ತಿರುಗಿಸಿಕೊಂಡು ತಾವೇ ಬರೆದದ್ದನ್ನು ಹೊಸದಾಗಿ ಓದತೊಡಗಿದರು.

"ಶುಕ್ರವಾರ ಮಾತ್ರೆ ಮರೀತೀರಾ?"

"ಇಲ್ಲ. ಇವರೇ ಎದುರಿಗೆ ನಿಂತು ಕೊಡ್ತಾರೆ."

"ಉಪ್ಪು, ಉಪ್ಪಿನಕಾಯಿ?"

"ಇವರು ಬಂದ ದಿನ ಉಪ್ಪಿನ ಡಬ್ಬಿಗೂ ಬೀಗ."

ಡಾಕ್ಟರು ಸ್ವಲ್ಪ ಯೋಚಿಸಿ ಮೇಜಿನ ಮೇಲಿದ್ದ ಬಿಪಿ ಮೆಷಿನ್ನನ್ನು ಗಂಡನ ಕಡೆ ಸರಿಸಿದರು. "ಸರ್, ಶುಕ್ರವಾರ ಮನೆಯಲ್ಲಿ ಹೇಗೆ ನೋಡ್ತೀರಿ? ಒಂದು ಸಲ ನನಗೆ ತೋರಿಸಿ."

ಗಂಡ ಖುಷಿಯಿಂದ ಎದ್ದು ಪಟ್ಟಿಯನ್ನು ನನ್ನ ತೋಳಿಗೆ ಸುತ್ತಿದರು. "ನೆಟ್ಟಗೆ ಕೂತ್ಕೋ. ಕಾಲು ಕೆಳಗೆ. ಮಾತಾಡ್ಬೇಡ. ಬೆಳಿಗ್ಗೆ ಎಂತ ತಿಂದಿದ್ದೀ?"

"ಮಾತಾಡ್ಬೇಡ ಅಂದ್ರಲ್ಲ."

"ತಿಂದದ್ದು ಹೇಳುವುದಕ್ಕೆ ಎಂತ ಕಷ್ಟ? ನೋಡಿ ಡಾಕ್ಟ್ರೇ, ಹೀಗೇ. ಏ, ಕೈ ಬಿಗಿ ಹಿಡಿಬೇಡ. ಮೊನ್ನೆ ರೇಷ್ಮೆಯವರಿಗೆ ಹೊತ್ತಿಗೆ ಸರಿಯಾಗಿ ಕೊಟ್ಟಿಯಾ? ಆ ಮಾಸ್ಟರನ್ನು ಮನೆಗೆ ಕಳಿಸು ಅಂದೆನಲ್ಲ, ಕಳಿಸಿದೆಯಾ?"

"ಅವರನ್ನು ಯಾಕೆ ಕಳಿಸುದು? ತಪ್ಪು ಮಾಡಿದವಳು ನಾನು."

"ಹಾಗಾದರೆ ನೀನೇ ಮನೆಗೆ ಬಾ."

ಮೆಷಿನ್ ಪೀಂ ಎಂದಿತು. ನೂರ ಐವತ್ತೆಂಟು.

"ಕಂಡಿರಾ?" ಎಂದರು ಗಂಡ, ಗೆದ್ದವರ ಹಾಗೆ.

"ಕಂಡೆ," ಎಂದರು ಡಾಕ್ಟರು. "ನೀವು ಸ್ವಲ್ಪ ಹೊರಗೆ ಕೂತಿರಿ ಸರ್."

ಬಾಗಿಲು ಮುಚ್ಚಿತು. ಐದು ನಿಮಿಷ ನಾವಿಬ್ಬರೂ ಒಂದು ಮಾತೂ ಆಡಲಿಲ್ಲ. ನಾನು ಕಿಟಕಿಯಾಚೆ ರಸ್ತೆಯಲ್ಲಿ ಹೋಗುತ್ತಿದ್ದ ಕಾರುಗಳನ್ನು ನೋಡುತ್ತಿದ್ದೆ, ಡಾಕ್ಟರು ಏನೋ ಬರೆಯುತ್ತಿದ್ದರು. ಆಮೇಲೆ ಅವರೇ ಬಿಪಿ ನೋಡಿದರು. ನೂರ ಇಪ್ಪತ್ತಾರು.

ಗಂಡನನ್ನು ಒಳಗೆ ಕರೆದು ಎರಡೂ ಅಂಕಿಗಳನ್ನು ಅಕ್ಕಪಕ್ಕ ಬರೆದು ತೋರಿಸಿದರು. ಬಿಪಿ ನೋಡುವ ಮುಂಚೆ ಐದು ನಿಮಿಷ ಸುಮ್ಮನೆ ಕೂರಬೇಕು, ನೋಡುವಾಗ ನಾನೂ ಮಾತಾಡಬಾರದು, ನನ್ನನ್ನು ಮಾತಾಡಿಸಲೂ ಬಾರದು ಎಂದರು. ಮಾಸ್ಟರ ಸಂಗತಿ ಅವರಿಗೆ ನಾನೇ ಹೇಳಿದ್ದೆ, ನನ್ನನ್ನೂ ಬಿಡಲಿಲ್ಲ. "ಹತೋಟಿಗೆ ಬಂದಿದೆ ಅಂತ ಮಾತ್ರೆ ಬಿಡಬೇಡಿ, ಅದು ಹತೋಟಿಯಲ್ಲಿರೋದೇ ಮಾತ್ರೆಯಿಂದ. ಇನ್ನೊಬ್ಬರಿಗೆ ಕೊಡೋ ಯೋಚನೆ ಬಂದರೆ ಆ ಮಾಸ್ಟರ ಉಸಿರು ನೆನಪಿಸಿಕೊಳ್ಳಿ." ನಾನು ತಲೆ ತಗ್ಗಿಸಿದೆ. ನನ್ನ ಜೀವನದಲ್ಲಿ ಅಪರೂಪಕ್ಕೆ ಮಾಡುವ ಕೆಲಸ ಅದು.

"ಅಂಗಡಿ?" ಎಂದೆ.

"ಅಂಗಡಿಯಿಂದ ಏನೂ ತೊಂದರೆ ಕಾಣ್ತಿಲ್ಲಮ್ಮ. ನಡೆಸಿ."

ಬೀಗದ ಕೈಯನ್ನು ಬ್ಯಾಗಿಗೆ ಹಾಕಿ ಜಿಪ್ಪು ಎಳೆದೆ. ನಿಧಾನವಾಗಿಯೇ ಎದ್ದೆ.

ಕಾರಿನಲ್ಲಿ ಗಂಡ ಫೈಲನ್ನು ಹಿಂದಿನ ಸೀಟಿಗೆ ಹಾಕಿ ಗಾಡಿ ಹೊರಡಿಸಿದರು. ಮೂರು ಸಿಗ್ನಲ್ ದಾಟಿತು. ಪಾಪ, ಮೂರು ತಿಂಗಳು ಕಷ್ಟಪಟ್ಟು ಸಾಕ್ಷ್ಯ ಕೂಡಿಸಿದವರೇ ಅಪರಾಧಿಯಾದರಲ್ಲ ಎಂದು ನನಗೂ ಅಯ್ಯೋ ಅನ್ನಿಸಿತು. "ಬೇಜಾರು ಮಾಡ್ಕೊಳ್ಬೇಡಿ ಮಾರಾಯ್ರೆ. ನೀವು ಬರ್ಬೇಡಿ ಅಂತ ಡಾಕ್ಟ್ರು ಹೇಳ್ಲಿಲ್ಲ," ಎಂದೆ.

"ಬೇಜಾರಲ್ಲ. ಯೋಚನೆ ಮಾಡ್ತಾ ಇದ್ದೆ," ಎಂದರು. ಗಾಡಿಯನ್ನು ಬಿನ್ ಒಮ್ರಾನಿನ ಕಡೆ ತಿರುಗಿಸಿದರು. "ಮನೆಯಲ್ಲಿದ್ದರೆ ನಿನ್ನ ಬಿಪಿ ಏರ್ತದೆ. ಅಂಗಡಿಯಲ್ಲಿದ್ದರೆ ಸರಿ ಇರ್ತದೆ. ಅಲ್ವಾ?"

"ಹೌದು."

"ಹಾಗಾದರೆ ಇನ್ನು ಶುಕ್ರವಾರವೂ ಅಂಗಡಿ ತೆಗಿ. ನಾನೂ ಬೆಳಿಗ್ಗೆಯೇ ಕೆಳಗಿಳಿದು ಬಂದು ಇಡೀ ದಿನ ನಿನ್ನ ಪಕ್ಕದಲ್ಲೇ ಕೂತ್ಕೊಳ್ತೇನೆ."